ಅಡವಿಟ್ಟ ಮನೆಯಲ್ಲಿ ಒಂದು ರಾತ್ರಿ

ಇಸಳೂರಿನ ನಮ್ಮ ಮನೆಯಲ್ಲಿ ಒಂದು ಕೋಣೆಗೆ ಅತ್ತೆಯ ಕೋಣೆ ಎಂದೇ ಹೆಸರು. ಮನೆ ಕಟ್ಟಿಸುವಾಗಲೇ ಅವರಿಗೆಂದು ಪೂರ್ವದಿಕ್ಕಿಗೆ ಕಿಟಕಿ ಇಡಿಸಿದ್ದೆವು, ಬಚ್ಚಲಿಗೆ ನಾಲ್ಕು ಹೆಜ್ಜೆಯಾದರೆ ಸಾಕು ಎಂದು ಗೋಡೆಯನ್ನು ಈಚೆಗೆ ಸರಿಸಿದ್ದೆವು. ಮನೆ ಸಾಲದ ಮೊದಲ ಕಂತು ಕಟ್ಟಿದ ದಿನದಿಂದ ಹನ್ನೊಂದು ವರ್ಷ ಏಳು ತಿಂಗಳು ಅವರು ಬದುಕಿದ್ದರು. ಅಷ್ಟು ಕಾಲದಲ್ಲಿ ಅವರು ಆ ಕೋಣೆಯಲ್ಲಿ ಉಳಿದದ್ದು ಒಂದೇ ರಾತ್ರಿ. ಅದೂ ನಾನು ಹೇಳಿದ ಸುಳ್ಳಿನಿಂದಾಗಿ.

ಈಗಲೂ ಸಂಜೆ ಐದೂಕಾಲಿಗೆ ಶಿರಸಿ ಕಡೆಯ ಬಸ್ಸು ತಿರುವಿನಲ್ಲಿ ಗೇರು ಬದಲಿಸುವ ಸದ್ದು ಕೇಳಿದರೆ ನನ್ನ ಕೈ ತಾನಾಗಿ ಅವರ ಬಟ್ಟೆಚೀಲ ಹುಡುಕುತ್ತದೆ. ಕೆಲವು ದಿನ ಗೇಟಿನ ಅಗುಳಿಯೂ ಕದಲುತ್ತದೆ. ಗಾಳಿ ಎನ್ನುತ್ತಾರೆ ಇವರು. ಇರಬಹುದು. ನಾನು ಯಲ್ಲಾಪುರ ರಸ್ತೆಯ ಒಂದು ಪ್ರೌಢಶಾಲೆಯಲ್ಲಿ ಗಣಿತ ಕಲಿಸುವವಳು, ದೆವ್ವ ಭೂತ ನಂಬುವವಳಲ್ಲ. ಆದರೆ ಗಾಳಿ ಸರಿಯಾಗಿ ಐದೂಕಾಲಿಗೇ ಬರಬೇಕೆಂದು ಎಲ್ಲಿದೆ ಎಂದು ಕೇಳಿದರೆ ಇವರು ಪೇಪರು ಮಡಿಚಿ ಎದ್ದು ಹೋಗುತ್ತಾರೆ.

ಅತ್ತೆ ಇದ್ದದ್ದು ಹುಲೇಕಲ್ಲಿನಲ್ಲಿ, ನನ್ನ ಭಾವನವರ ಮನೆಯಲ್ಲಿ. ಮೊಮ್ಮಕ್ಕಳು, ಆಳುಕಾಳು, ಬಂದುಹೋಗುವವರು, ಅಲ್ಲಿ ಸದಾ ಗಲಗಲ. ಆದರೂ ತಿಂಗಳಿಗೆರಡು ಸಲ ಬೆಳಿಗ್ಗೆ ಎರಡು ಬಸ್ಸು ಬದಲಿಸಿ ನಮ್ಮಲ್ಲಿಗೆ ಬರುತ್ತಿದ್ದರು. ಬಂದವರು ಸುಮ್ಮನೆ ಕೂರುವವರಲ್ಲ. ನನ್ನ ಹುಳಿಪುಡಿ ಡಬ್ಬಿ ಮೂಸಿ ಮೂಗು ಮುರಿಯುವುದು, ಮಗನ ಹೊಟ್ಟೆ ನೋಡಿ ನಾನು ಅಡುಗೆಗೆ ಸುರಿಯುವ ಎಣ್ಣೆಯ ಲೆಕ್ಕ ಕೇಳುವುದು, ಹಿತ್ತಿಲಲ್ಲಿ ಬಸಳೆಗೆ ಚಪ್ಪರ ಹಾಕುವುದು. ಮಧ್ಯಾಹ್ನ ಊಟವಾದ ಮೇಲೂ ಮಲಗುತ್ತಿರಲಿಲ್ಲ, ಗೋಡೆಗೊರಗಿ ಎಲೆಯಡಿಕೆಯ ಕವಳ ಹಾಕುತ್ತಾ ಕೂತಿರುತ್ತಿದ್ದರು. ಐದು ಗಂಟೆಯಾಯಿತೋ, ಚೀಲ ಕೈಯಲ್ಲಿ.

"ಇವತ್ತೊಂದಿನ ಉಳಕಳಿ ಅತ್ತೆ," ಎಂದು ನಾನು ಪ್ರತಿ ಸಲ ಹೇಳುತ್ತಿದ್ದೆ.

"ಅಡವಿಟ್ಟ ಮನೇಲಿ ಆನು ಕಣ್ಣು ಮುಚ್ತ್ನಿಲ್ಲೆ ಕೂಸೆ. ಎಲ್ಲಿ ಎಚ್ಚರಾಗ್ತು ಹೇಳಿ ಗೊತ್ತಿರ್ತಿಲ್ಲೆ. ಸಾಲ ತೀರಲಿ, ಹಾಸಿಗೆ ಹಾಸು, ಬತ್ತೆ," ಎನ್ನುತ್ತಿದ್ದರು.

ಅಡವಿಟ್ಟ ಮನೆಯಲ್ಲಿ ಕಣ್ಣು ಮುಚ್ಚುವುದಿಲ್ಲ ಎನ್ನುವುದು ಮೊದಮೊದಲು ನನಗೆ ಮುದುಕಿಯ ಹಟ ಎನಿಸಿತ್ತು. ಬ್ಯಾಂಕಿನ ಸಾಲವನ್ನು ಅಡವು ಎನ್ನುತ್ತಾರಲ್ಲ ಎಂದು ಒಳಗೊಳಗೇ ಸಿಟ್ಟೂ ಬಂದಿತ್ತು. ಇಡೀ ಬಡಾವಣೆಯಲ್ಲಿ ಸಾಲವಿಲ್ಲದ ಮನೆ ಯಾವುದಿದೆ? ಆಮೇಲೆ ಒಂದು ದಿನ ಬಸಳೆ ಸೋಸುತ್ತಾ ಅವರೇ ಹೇಳಿದರು. ಅವರ ತವರು ಮಾಗೋಡಿನ ಕಡೆ. ಮಳೆಗಾಲ ಬಂತೆಂದರೆ ಅವರ ಮನೆಗೆ ನೀರು ಧುಮುಕುವ ಅಬ್ಬಿಯ ಮೊರೆತ ಕೇಳುತ್ತಿತ್ತಂತೆ, ರಾತ್ರಿ ಹಗಲು, ದೂರದಲ್ಲಿ ಯಾರೋ ಹಿಟ್ಟು ಬೀಸುತ್ತಲೇ ಇದ್ದ ಹಾಗೆ. ಅದೇ ಅವರಿಗೆ ಜೋಗುಳ. ಅವರಪ್ಪ ದೊಡ್ಡ ಮಗಳ ಮದುವೆಗೆ ಮನೆ ಅಡವಿಟ್ಟಿದ್ದರು. ಗಡುವು ಮೀರಿತು. ಒಂದು ದಿನ ಬೆಳಕು ಹರಿಯುವ ಮುಂಚೆ ಮನೆ ಬಿಡಬೇಕಾಯಿತು. ಏಳು ವರ್ಷದ ಅತ್ತೆಯನ್ನು ಯಾರೂ ಎಬ್ಬಿಸಲಿಲ್ಲ, ಕಂಬಳಿಯ ಸಮೇತ ಗಾಡಿಗೆ ಹಾಕಿದರು. ಎಚ್ಚರವಾದದ್ದು ಗಾಡಿಯ ಕುಲುಕಾಟಕ್ಕಲ್ಲ. ಅಬ್ಬಿಯ ಶಬ್ದ ನಿಂತುಹೋಗಿತ್ತು, ಅದಕ್ಕೆ ಎಚ್ಚರವಾಯಿತಂತೆ. ಕಣ್ಣು ಬಿಟ್ಟರೆ ಯಾರದೋ ಅಂಗಳ, ಯಾರದೋ ಹಲಸಿನಮರ. "ಅವತ್ತಿಂದ ಆನು ಎಚ್ಚರಾದ ಕೂಡ್ಲೆ ಮೊದ್ಲು ಕಿವಿ ಕೊಡ್ತೆ," ಎಂದರು. ನಾನು ಮತ್ತೆ ಅದನ್ನು ಹಟ ಎನ್ನಲಿಲ್ಲ.

ಹಾಗೆ ಬರೀ ಮಾತಾಡಿ ಬಿಡುವವರೂ ಅಲ್ಲ ಅವರು. ಹುಲೇಕಲ್ಲಿನ ತೋಟದಲ್ಲಿ ಬಾವಿಯ ಪಕ್ಕದ ಮರಗಳಿಗೆ ಹಬ್ಬಿಸಿದ ಕಾಳುಮೆಣಸಿನ ಬಳ್ಳಿಗಳು ಅವರ ಪಾಲು. ಮಾವನವರು ಇದ್ದಾಗಲೇ ಕೈಖರ್ಚಿಗೆಂದು ಬಿಟ್ಟುಕೊಟ್ಟದ್ದು. ಅದರ ದುಡ್ಡಿಗೆ ಗಂಡುಮಕ್ಕಳು ಕೈ ಹಾಕುವಂತಿಲ್ಲ. ಪ್ರತಿ ವರ್ಷ ಮಾರ್ಚಿ ತಿಂಗಳಲ್ಲಿ ಮೆಣಸು ಮಾರಿ, ನೋಟುಗಳನ್ನು ಹಳೆಯ ಸೀರೆಯ ತುಂಡಿನಲ್ಲಿ ಕಟ್ಟಿ ತಂದು ನನ್ನ ಕೈಗೆ ಹಾಕುತ್ತಿದ್ದರು. ಕೆಲವು ವರ್ಷ ನಲವತ್ತು ಸಾವಿರ, ದರ ಏರಿದ ವರ್ಷ ಐವತ್ತು. "ಸಾಲಕ್ಕೆ ಹಾಕು." ಅಷ್ಟೇ ಮಾತು. ಮುಂದಿನ ಸಲ ಬಂದಾಗ ಕೇಳುತ್ತಿದ್ದರು: "ಎಷ್ಟು ಇಳತ್ತು?"

"ಇಳಿತಾ ಇದ್ದು ಅತ್ತೆ," ಎನ್ನುತ್ತಿದ್ದೆ. ನಾನು ಹಾಗೆಂದೇ ನಂಬಿದ್ದೆ.

ಇಲ್ಲಿ ನನ್ನ ದಡ್ಡತನವನ್ನು ಬಿಡಿಸಿ ಹೇಳಬೇಕು. ನಾನು ಹುಟ್ಟಿ ಬೆಳೆದದ್ದು ಸಿದ್ದಾಪುರದ ಕಡೆ, ತೋಟದವರ ಮನೆಯಲ್ಲಿ. ತೋಟದವರಿಗೆ ಅಡಿಕೆ ಮಾರಿಕೊಡುವ ಸಹಕಾರಿ ಸೊಸೈಟಿಯಲ್ಲಿ ಇರುವುದು ಒಂದೇ ಖಾತೆ. ಸಾಲವೂ ಅದರಲ್ಲೇ, ಬೆಳೆ ಮಾರಿದ ದುಡ್ಡೂ ಅದಕ್ಕೇ. ಅಡಿಕೆಯ ಚೀಲ ತಂದು ಇಳಿಸಿ ಮನೆಗೆ ಬಂದರಾಯಿತು. ಮಾರಾಟವಾದ ದಿನ ಹಣ ತಾನೇ ಹೋಗಿ ಸಾಲದ ಮೇಲೆ ಕೂರುತ್ತದೆ, ಅವತ್ತಿನಿಂದಲೇ ಬಡ್ಡಿ ಇಳಿಯುತ್ತದೆ. ಯಾರೂ ಯಾರಿಗೂ ಏನೂ ಬರೆದುಕೊಡಬೇಕಿಲ್ಲ. ನನ್ನಪ್ಪ ಹಾಗೆಯೇ ಮಾಡಿದ್ದು, ಅತ್ತೆಯ ಮನೆಯವರೂ ಹಾಗೆಯೇ. ಸಾಲವೆಂದರೆ ಹೀಗೇ ಇರುತ್ತದೆ ಎಂದು ನನ್ನ ತಲೆಯಲ್ಲಿ ಬಾಲ್ಯದಿಂದಲೇ ಕೂತುಬಿಟ್ಟಿತ್ತು. ಮನೆ ಸಾಲದ ಕಂತು ಕಡಿತವಾಗುತ್ತಿದ್ದದ್ದು ನನ್ನ ಸಂಬಳದ ಖಾತೆಯಿಂದ. ಅತ್ತೆಯ ಮೆಣಸಿನ ದುಡ್ಡನ್ನು ನಾನು ಪ್ರತಿ ವರ್ಷ ಅದೇ ಖಾತೆಗೆ ತುಂಬಿದೆ. ಸಾಲ ಅದೇ ಬ್ಯಾಂಕಿನದು, ಖಾತೆ ಅದೇ ಬ್ಯಾಂಕಿನದು, ಇನ್ನೇನು ಬೇಕು? ದುಡ್ಡು ತಾನಾಗಿ ಸಾಲಕ್ಕೆ ಹೋಯಿತು ಎಂದುಕೊಂಡೆ.

ತಿಂಗಳ ಕಂತು ಒಂಬತ್ತು ಸಾವಿರಕ್ಕೆ ಮೂರು ರೂಪಾಯಿ ಕಡಿಮೆ. ಹತ್ತು ಲಕ್ಷ ಸಾಲ, ಇಪ್ಪತ್ತು ವರ್ಷ, ಶೇಕಡ ಒಂಬತ್ತು ಬಡ್ಡಿ. ನಾಲ್ಕು ವರ್ಷವಾದ ಮೇಲೆ ಬ್ಯಾಂಕಿನಿಂದ ಇಂಗ್ಲಿಷಿನಲ್ಲಿ ಒಂದು ಕಾಗದ ಬಂತು. ಬಡ್ಡಿಯ ದರ ಶೇಕಡ ಮುಕ್ಕಾಲು ಏರಿದೆ ಎಂದಿತ್ತು. ಕಂತು ಏರಿದೆಯೇ ಎಂದು ನೋಡಿದೆ. ಏರಿರಲಿಲ್ಲ. ಪುಣ್ಯ ಎಂದುಕೊಂಡು ಫೈಲಿಗೆ ಸೇರಿಸಿದೆ. ಆ ಕಾಗದದ ಕೆಳಗಿನ ಸಾಲು ಓದಲಿಲ್ಲ. ಒಂಬತ್ತನೇ ತರಗತಿಗೆ ವರ್ಷವರ್ಷವೂ ಚಕ್ರಬಡ್ಡಿ ಕಲಿಸಿ, ಲೆಕ್ಕ ತಪ್ಪಿದ ಮಕ್ಕಳಿಗೆ "ಪ್ರಶ್ನೆ ಪೂರ್ತಿ ಓದಿ" ಎಂದು ಬೈಯುವವಳು ನಾನು.

ಹನ್ನೊಂದು ವರ್ಷ ತುಂಬಿದ ಏಪ್ರಿಲ್‌ನಲ್ಲಿ ಅತ್ತೆ ಫೋನು ಮಾಡಿದರು. ಭಾವನವರ ಮಗಳ ಕೈಯಲ್ಲಿ ಲೆಕ್ಕ ಹಾಕಿಸಿದ್ದರಂತೆ. ವರ್ಷಕ್ಕೆ ಕಂತು ಇಷ್ಟು, ಮೆಣಸು ಇಷ್ಟು, ಬಡ್ಡಿಗೆಂದು ಆರೇಳು ಲಕ್ಷ ಬಿಟ್ಟರೂ ಇಷ್ಟು ಹೊತ್ತಿಗೆ ಮುಗಿದಿರಬೇಕು. "ಹೋಗಿ ಕಾಗದ ಬಿಡಿಸ್ಕ ಬಾ. ಈ ಸಲ ಬಂದವಳು ಉಳಿತೆ," ಎಂದರು. ಅವರ ದನಿಯಲ್ಲಿ ನಾನು ಎಂದೂ ಕೇಳದ ಒಂದು ಸಣ್ಣ ಸಂಭ್ರಮ ಇತ್ತು.

ಶನಿವಾರ ಶಾಲೆ ಮುಗಿಸಿ ಬ್ಯಾಂಕಿಗೆ ಹೋದೆ. ಸಾಲದ ಮೇಜಿನಲ್ಲಿ ಹಾವೇರಿ ಕಡೆಯ ಒಬ್ಬಳು ಹುಡುಗಿ, ಹೊಸದಾಗಿ ಬಂದವಳು. "ಕುಂದ್ರಿ ಟೀಚರ್," ಎಂದು ಕೂರಿಸಿ ಕಂಪ್ಯೂಟರ್ ನೋಡಿದಳು. ಆಮೇಲೆ ನನ್ನ ಮುಖ ನೋಡಿದಳು.

"ಇನ್ನಾ ಏಳೂಕಾಲು ಲಕ್ಷ ಐತ್ರಿ."

ತಪ್ಪು ಖಾತೆ ನೋಡಿರಬೇಕು ಎಂದೆ. ಅವಳು ಪರದೆಯನ್ನು ನನ್ನ ಕಡೆ ತಿರುಗಿಸಿದಳು. ಹೆಸರು ನನ್ನದೇ. ಅಲ್ಲಿಯವರೆಗೆ ನಾವು ಕಟ್ಟಿದ್ದು ಹನ್ನೊಂದು ಲಕ್ಷ ಎಂಬತ್ತೇಳು ಸಾವಿರ. ಇಳಿದದ್ದು ಮೂರು ಲಕ್ಷವೂ ಇಲ್ಲ. ಮೊದಲ ತಿಂಗಳ ಸಾಲು ತೋರಿಸಿದಳು: ಕಟ್ಟಿದ ಒಂಬತ್ತು ಸಾವಿರದಲ್ಲಿ ಏಳೂವರೆ ಸಾವಿರ ಬಡ್ಡಿಗೆ, ಒಂದೂವರೆ ಸಾವಿರ ಅಸಲಿಗೆ. ಎರಡನೆಯ ತಿಂಗಳೂ ಹೆಚ್ಚುಕಡಿಮೆ ಹಾಗೆಯೇ. ನಾಲ್ಕನೇ ವರ್ಷ ದರ ಏರಿದಾಗ ಕಂತು ಏರಿಸುವ ಬದಲು ಅವಧಿಯನ್ನೇ ಎರಡು ವರ್ಷ ಉದ್ದ ಮಾಡಿದ್ದರು. ನಾನು ಓದದೆ ಬಿಟ್ಟ ಕೆಳಗಿನ ಸಾಲು ಅದೇ. ಹೀಗೇ ಹೋದರೆ ಹತ್ತು ಲಕ್ಷಕ್ಕೆ ನಾವು ಕೊಡುವುದು ಇಪ್ಪತ್ತಮೂರು ಮುಕ್ಕಾಲು ಲಕ್ಷ.

"ಮತ್ತೆ ವರ್ಷಾ ವರ್ಷಾ ತುಂಬಿದ ದುಡ್ಡು?" ಎಂದೆ.

"ಅದು ನಿಮ್ಮ ಉಳಿತಾಯ ಖಾತೇಕ್ಕ ಬಂದೈತ್ರಿ. ಅಸಲಿಗೆ ಹಾಕ್ರಿ ಅಂತ ನೀವು ಬರದು ಕೊಡಬೇಕಿತ್ತು. ಬರದು ಕೊಡದ ನಾವು ಮುಟ್ಟೂ ಹಂಗಿಲ್ರಿ." ಆ ಖಾತೆಯನ್ನೂ ತೆರೆದು ನೋಡಿ ಮೆಲ್ಲಗೆ ಹೇಳಿದಳು, "ಖರ್ಚಾಗಿ ಹೋಗೇತ್ರಿ ಟೀಚರ್."

ಹೌದು, ಖರ್ಚಾಗಿ ಹೋಗಿತ್ತು. ಪಾಸ್‌ಬುಕ್ಕಿನಲ್ಲಿ ಎಲ್ಲ ಇತ್ತು. ಒಂದು ವರ್ಷದ ಮೆಣಸು ಫ್ರಿಜ್ಜಾಗಿತ್ತು. ಒಂದು ವರ್ಷದ್ದು ತಾರಸಿಯ ಮೇಲಿನ ತಗಡಾಗಿತ್ತು, ಮತ್ತೊಂದು ವರ್ಷದ್ದು ಇವರ ಸ್ಕೂಟರು, ಆಮೇಲಿನವು ಮಗಳ ಹಾಸ್ಟೆಲ್ಲು. ಸಂಬಳ ಈಗ ಸಾಕಾಗುತ್ತಿದೆಯಲ್ಲ ಎಂದು ನಾನು ಬೀಗಿದ ವರ್ಷಗಳೆಲ್ಲ ಅತ್ತೆಯ ಬಳ್ಳಿಯಿಂದ ಬಂದವು. ನಾಲ್ಕೂವರೆ ಲಕ್ಷ. ಕಳ್ಳರು ಒಯ್ಯಲಿಲ್ಲ, ಬ್ಯಾಂಕೂ ಮೋಸ ಮಾಡಲಿಲ್ಲ. ನಾನೇ ತಿಂದೆ, ಗೊತ್ತಿಲ್ಲದೆ ತಿಂದೆ.

ಇವರು ಶಿರಸಿಯ ಒಂದು ಬಿಡಿಭಾಗದ ಅಂಗಡಿಯಲ್ಲಿ ಲೆಕ್ಕ ಬರೆಯುವವರು. ಮನೆಯ ಲೆಕ್ಕ ಮಾತ್ರ ನನ್ನ ತಲೆಗೆ ಕಟ್ಟಿ ಹಾಯಾಗಿದ್ದವರು. ವಿಷಯ ಕೇಳಿ, "ಆಯಿಗೆ ಹೇಳದು ಬ್ಯಾಡ," ಎಂದರು. ನಾನು ಅತ್ತೆಗೆ ಹೇಳಲೇಬೇಕು ಎಂದೆ. ಹೇಗೆ ಹೇಳುವುದೆಂದು ವಾರವಿಡೀ ಯೋಚಿಸಿದೆ. ತರಗತಿಯಲ್ಲಿ ಬೋರ್ಡಿನ ಮೇಲೆ ಅಸಲು ಎಂದು ಬರೆದು ಸೀಮೆಸುಣ್ಣ ಹಿಡಿದು ನಿಂತುಬಿಟ್ಟೆ, ಮಕ್ಕಳು ಕಾದು ಕಾದು ತಾವೇ ಮಾತಾಡಿಕೊಳ್ಳತೊಡಗಿದರು.

ಮುಂದಿನ ವಾರ ಅತ್ತೆ ಬಂದರು. ಗೇಟು ತೆರೆಯಲು ಹೋದವಳು ಮೊದಲು ನೋಡಿದ್ದು ಅವರ ಚೀಲ. ಯಾವಾಗಲೂ ಕವಳದ ಸಂಚಿ ಮತ್ತು ಒಂದು ಟವೆಲು ಮಾತ್ರ ಇರುವ ಚೀಲ ಅವತ್ತು ಉಬ್ಬಿತ್ತು. ಎರಡು ಸೀರೆ, ರಾತ್ರಿ ಹೊದೆಯಲು ಅವರದೇ ಹಳೆಯ ಕೌದಿ. ಮೆಟ್ಟಿಲು ಹತ್ತುವ ಮುಂಚೆಯೇ ಕೇಳಿದರು.

"ಮುಗತ್ತನೆ ಕೂಸೆ?"

ಆ ಕೌದಿಯ ಅಂಚು ಚೀಲದಿಂದ ಹೊರಗೆ ಇಣುಕುತ್ತಿತ್ತು. ಎಪ್ಪತ್ತೆಂಟು ವರ್ಷದವರು, ಎರಡು ಬಸ್ಸು ಬದಲಿಸಿ, ಮಗನ ಮನೆಯಲ್ಲಿ ಮಲಗಲೆಂದು ಕೌದಿ ಹೊತ್ತು ತಂದಿದ್ದಾರೆ.

"ಮುಗತ್ತು ಅತ್ತೆ," ಎಂದಿತು ನನ್ನ ಬಾಯಿ.

ಇವರು ಒಳಗಿನಿಂದ ಬಂದವರು ನನ್ನನ್ನೊಮ್ಮೆ ನೋಡಿ, ಹಿತ್ತಿಲಿಗೆ ಹೋಗಿ ತೆಂಗಿನಕಾಯಿ ಸುಲಿಯುತ್ತಾ ಕೂತರು. ಅತ್ತೆ ಕೈಕಾಲು ತೊಳೆದು ಬಂದು, "ಕಾಗದ ದೇವರ ಮುಂದೆ ಇಡು," ಎಂದರು. ಸಾಲ ತೀರಿಸಿ ಬಿಡಿಸಿಕೊಂಡು ಬಂದ ಪತ್ರವನ್ನು ದೀಪದ ಮುಂದಿಟ್ಟು ಕುಂಕುಮ ಹಚ್ಚಿ, ಆಮೇಲೆ ಪೆಟ್ಟಿಗೆಗೆ ಹಾಕುವುದು ಅವರ ಮನೆಯ ರೂಢಿ. ಸುಳ್ಳು ಒಂದು ಹೇಳಿದ ಮೇಲೆ ಎರಡನೆಯದು ಕಷ್ಟವೇ ಅಲ್ಲ. ಫೈಲಿನಲ್ಲಿದ್ದ ಮನೆಪತ್ರದ ಝೆರಾಕ್ಸ್ ಪ್ರತಿ ತೆಗೆದು ದೀಪದ ಮುಂದಿಟ್ಟೆ. ಅತ್ತೆ ಕೂತು, ಕನ್ನಡಕ ಏರಿಸಿ, ಹಾಳೆ ಹಾಳೆ ತಿರುವಿದರು. ನಿಧಾನವಾಗಿ ಬೆರಳು ಆಡಿಸಿದರು. ಕೊನೆಯ ಹಾಳೆಯ ಮೂಲೆಗೆ ಕುಂಕುಮ ಹಚ್ಚಿದರು.

ಸೀರೆತುಂಡಿನ ಗಂಟು ತೆಗೆದು ತೋರಿಸಿ, "ಈ ವರ್ಷದ್ದು. ಈಗ ಬ್ಯಾಂಕಿಗೆ ಎಂತಕ್ಕೆ ಕೊಡವು?" ಎಂದು ಮತ್ತೆ ಚೀಲಕ್ಕೆ ಹಾಕಿಕೊಂಡರು.

ಸಂಜೆ ಐದೂಕಾಲಿನ ಬಸ್ಸು ತಿರುವಿನಲ್ಲಿ ಗೇರು ಬದಲಿಸಿತು. ಅತ್ತೆ ಕದಲಲಿಲ್ಲ. ಬಸ್ಸು ಹೋಯಿತು. ಹನ್ನೊಂದು ವರ್ಷ ನಾನು ಬಯಸಿದ್ದು ಅದೊಂದೇ, ಆ ಬಸ್ಸು ಅವರನ್ನು ಬಿಟ್ಟು ಹೋಗಲಿ ಎಂದು. ಅದು ಹೋದಾಗ ಅವರ ಮುಖ ನೋಡಲಾರದೆ ಅಡುಗೆಮನೆಗೆ ಹೋಗಿ ಮಾವಿನಕಾಯಿ ಬೇಯಲಿಟ್ಟೆ. ರಾತ್ರಿ ಅಪ್ಪೆಹುಳಿ ಮಾಡಿದೆ, ಅವರು ಎರಡು ಸಲ ಹಾಕಿಸಿಕೊಂಡರು. ಅವರ ಕೋಣೆಯಲ್ಲಿ ಹಾಸಿಗೆ ಹಾಸಿ, ಮಡಿಚಿದ ಕೌದಿಯನ್ನು ಕಾಲ ಬಳಿ ಇಟ್ಟು, ದೀಪ ಆರಿಸಿ ಬಂದೆ.

ಬೆಳಿಗ್ಗೆ ಐದೂವರೆಗೆ ಎದ್ದು ನೋಡಿದಾಗ ಆ ಕೋಣೆಯ ಬಾಗಿಲು ತೆರೆದಿತ್ತು. ಅತ್ತೆ ಮಂಚದ ತುದಿಯಲ್ಲಿ ಕೂತಿದ್ದರು. ಸೀರೆ ಉಟ್ಟು, ತಲೆ ಬಾಚಿ, ಚೀಲ ತೊಡೆಯ ಮೇಲೆ. ಕೌದಿ ಮಡಿಚಿದ್ದು ಮಡಿಚಿದ ಹಾಗೇ ಇತ್ತು. ದಿಂಬಿನ ಮೇಲೆ ತಲೆಯಿಟ್ಟ ಗುರುತಿರಲಿಲ್ಲ.

"ನಿದ್ದೆ ಬಂಜಿಲ್ಯ ಅತ್ತೆ?" ಎಂದೆ, ಗೊತ್ತಿದ್ದೂ.

"ನಿನ್ನ ಮುಖ ನೋಡಿ ಉಳಕಂಡೆ," ಎಂದರು. "ಕಣ್ಣು ಮುಚ್ಚಿದ್ನಿಲ್ಲೆ."

ನಾನು ಬಾಗಿಲಲ್ಲೇ ನಿಂತೆ.

"ಸರ್ಕಾರದ ಶಿಕ್ಕಾ ಕಪ್ಪು ಇರ್ತಿಲ್ಲೆ ಕೂಸೆ. ನೀಲಿ ಇರ್ತು. ಆನು ಓದಿದವಳಲ್ಲ, ಆದ್ರೆ ಅಡವಿನ ಕಾಗದ ನೋಡಿದವಳು."

ಮೂಲಪತ್ರದಲ್ಲಿ ನೋಂದಣಿ ಕಚೇರಿಯ ಮುದ್ರೆ ನೀಲಿ. ಝೆರಾಕ್ಸಿನಲ್ಲಿ ಅದು ಕಪ್ಪಗಿತ್ತು. ಅಂದರೆ ದೇವರ ಮುಂದೆ ಕೂತಾಗಲೇ ಅವರಿಗೆ ಗೊತ್ತಾಗಿತ್ತು. ಗೊತ್ತಾಗಿಯೂ ಬಸ್ಸನ್ನು ಹೋಗಗೊಟ್ಟರು. ನಾನು ಅವಮಾನ ಪಡಬಾರದು ಎಂದು ಅಡವಿಟ್ಟ ಮನೆಯಲ್ಲಿ ಉಳಿದರು. ಹೆದರಿಕೆಗೆ ರಾತ್ರಿಯಿಡೀ ಕೂತೇ ಇದ್ದರು, ಕಿವಿ ಕೊಟ್ಟುಕೊಂಡು. ನಾವು ಗೊರಕೆ ಹೊಡೆಯುತ್ತಿದ್ದಾಗ ಒಂದು ಮುದಿ ಜೀವ ನಮ್ಮ ಮನೆಯನ್ನು ಕಾದಿತ್ತು.

ನಾನು ಅವರ ಕಾಲ ಬಳಿ ಕೂತು ಎಲ್ಲ ಹೇಳಿದೆ. ಏಳೂಕಾಲು ಲಕ್ಷ, ಎರಡು ವರ್ಷ ಉದ್ದವಾದ ಅವಧಿ, ಬರೆದುಕೊಡದ ಚೀಟಿ, ಫ್ರಿಜ್ಜು, ತಗಡು, ಸ್ಕೂಟರು. ಅಳುತ್ತಾ ಹೇಳಿದೆ. ಅವರು ಬೈದಿದ್ದರೆ ಇವತ್ತು ನನಗೆ ಎಷ್ಟೋ ಹಗುರವಾಗುತ್ತಿತ್ತು. ಎಲ್ಲ ಕೇಳಿ ಮುಗಿದ ಮೇಲೆ ಚೀಲದಿಂದ ಸೀರೆತುಂಡಿನ ಗಂಟು ತೆಗೆದು ನನ್ನ ಮಡಿಲಿಗೆ ಇಟ್ಟರು.

"ಹಂಗಾರೆ ಈ ಸಲದ್ದು ಬರದು ಕೊಡು."

ಬೆಳಗಿನ ಮೊದಲ ಬಸ್ಸಿಗೆ ಹೊರಟರು. ಕೌದಿಯನ್ನು ಮಾತ್ರ ಒಯ್ಯಲಿಲ್ಲ. "ಇಲ್ಲೇ ಇರ್ಲಿ, ಬತ್ನಲೆ," ಎಂದರು.

ಆಮೇಲೆಯೂ ತಿಂಗಳಿಗೆರಡು ಸಲ ಬಂದರು. ಹುಳಿಪುಡಿ ಮೂಸಿದರು, ಬಸಳೆಗೆ ನೀರು ಹಾಕಿದರು, ಐದೂಕಾಲಿಗೆ ಹೊರಟರು. ಆ ರಾತ್ರಿಯ ಮಾತು ಒಮ್ಮೆಯೂ ಎತ್ತಲಿಲ್ಲ, ಹುಲೇಕಲ್ಲಿನಲ್ಲೂ ಯಾರಿಗೂ ಹೇಳಿರಲಿಲ್ಲ. ಮಳೆಗಾಲ ಕಳೆದು ನವೆಂಬರಿನಲ್ಲಿ ಒಂದು ಮಧ್ಯಾಹ್ನ ಹುಲೇಕಲ್ಲಿನ ಮನೆಯಲ್ಲಿ ಊಟ ಮಾಡಿ ಮಲಗಿದವರು ಏಳಲಿಲ್ಲ. ಸುದ್ದಿ ಬಂದಾಗ ನನಗೆ ಮೊದಲು ಹೊಳೆದದ್ದು ಕೆಟ್ಟ ಯೋಚನೆಯೋ ಒಳ್ಳೆಯದೋ ತಿಳಿಯದು. ಸಾಲವಿಲ್ಲದ ಮನೆಯಲ್ಲಿ ಕಣ್ಣು ಮುಚ್ಚಿದರಲ್ಲ ಎಂದುಕೊಂಡೆ.

ಈಗ ಪ್ರತಿ ಮಾರ್ಚಿಯಲ್ಲಿ ಓರಗಿತ್ತಿ ಆ ಬಳ್ಳಿಗಳ ಮೆಣಸು ಮಾರಿ ದುಡ್ಡು ಕಳಿಸುತ್ತಾಳೆ, ಅತ್ತೆ ಹಾಗೆ ಹೇಳಿಟ್ಟಿದ್ದರಂತೆ. ನಾನು ಬ್ಯಾಂಕಿಗೆ ಹೋಗಿ ಚೀಟಿಯ ಮೇಲೆ "ಅಸಲಿಗೆ ಜಮಾ" ಎಂದು ದಪ್ಪ ಅಕ್ಷರದಲ್ಲಿ ಬರೆದು, ರಸೀದಿ ಪಡೆದು, ಬಾಕಿ ಎಷ್ಟು ಇಳಿಯಿತೆಂದು ಕೇಳಿಯೇ ಬರುತ್ತೇನೆ. ಬರುವಾಗ ದಾರಿಯಲ್ಲಿ ಬಾಯಿ ತಾನಾಗಿ ಆ ಸಂಖ್ಯೆಯನ್ನು ಯಾರಿಗೋ ಒಪ್ಪಿಸುತ್ತಿರುತ್ತದೆ. ಇವರು ಆ ಕೋಣೆಯನ್ನು ಕಾಲೇಜಿನ ಹುಡುಗಿಯರಿಗೆ ಬಾಡಿಗೆಗೆ ಕೊಡೋಣ, ಸಾಲ ಬೇಗ ತೀರುತ್ತದೆ ಎಂದರು. ಲೆಕ್ಕ ಸರಿ ಇದೆ. ನನ್ನಿಂದ ಆಗಲಿಲ್ಲ. ಮಡಿಚಿದ ಕೌದಿ ಇನ್ನೂ ಮಂಚದ ಮೇಲಿದೆ.

ಒಂದು ಭಾನುವಾರ ನಾನು ಆ ಕೋಣೆಯಲ್ಲೇ ಕೂತು, ಬ್ಯಾಂಕಿನ ಹಾಳೆಯನ್ನು ಮುಂದಿಟ್ಟುಕೊಂಡು, ಇಡೀ ಲೆಕ್ಕವನ್ನು ಮೊದಲಿನಿಂದ ಮಾಡಿದೆ. ಅತ್ತೆ ತಂದ ದುಡ್ಡನ್ನು ಆಯಾ ವರ್ಷವೇ ಅಸಲಿಗೆ ಬರೆದುಕೊಟ್ಟಿದ್ದರೆ ಏನಾಗುತ್ತಿತ್ತು ಎಂದು. ತಿಂಗಳು ತಿಂಗಳೂ ಬಡ್ಡಿ ಕಳೆದು, ಬಾಕಿ ಇಳಿಸುತ್ತಾ ಬಂದೆ. ಹತ್ತು ವರ್ಷ ಐದು ತಿಂಗಳಿಗೆ ಸೊನ್ನೆ ಬಂತು. ಎರಡು ಸಲ ತಾಳೆ ನೋಡಿದೆ. ಶಾಲೆಗೆ ಹೋಗದ ಅತ್ತೆಯ ಅಂದಾಜು ಸರಿಯಾಗಿತ್ತು. ಅವರು ಕೌದಿ ಹೊತ್ತು ತಂದ ದಿನ ಸಾಲ ತೀರಿ ಅರ್ಧ ವರ್ಷದ ಮೇಲಾಗಿರುತ್ತಿತ್ತು, ದೀಪದ ಮುಂದೆ ನೀಲಿ ಮುದ್ರೆಯ ಕಾಗದ ಇರುತ್ತಿತ್ತು.

ಅವರು ಬದುಕಿದ್ದು ಹನ್ನೊಂದು ವರ್ಷ ಏಳು ತಿಂಗಳು. ನಡುವೆ ಹದಿನಾಲ್ಕು ತಿಂಗಳು ಉಳಿಯುತ್ತದೆ. ಹೆಚ್ಚುಕಡಿಮೆ ನಾನೂರ ಇಪ್ಪತ್ತೈದು ರಾತ್ರಿ. ಅಷ್ಟೂ ರಾತ್ರಿ ಇಲ್ಲಿ ಉಳಿಯುತ್ತಿದ್ದರು ಎಂದು ನಾನು ಹೇಳುವುದಿಲ್ಲ, ಅವರಿಗೆ ಹುಲೇಕಲ್ಲು ಬೇಕಿತ್ತು, ಮೊಮ್ಮಕ್ಕಳು ಬೇಕಿತ್ತು. ಇಪ್ಪತ್ತು ರಾತ್ರಿ ಉಳಿಯುತ್ತಿದ್ದರೋ ಏನೋ. ಹತ್ತಾದರೂ ಸಾಕಿತ್ತು. ನಾನು ಅವರಿಗೆ ಕೊಟ್ಟದ್ದು ಒಂದು. ಅದನ್ನೂ ಅವರು ಕೂತೇ ಕಳೆದರು.